ಹೇಗೂ ಎಲ್ಲರೂ ಬಂದಿರ್ತಾರಲ್ವಾ: ಅಕ್ಕನ ಮದುವೆಗೆ 19 ದಿನ ಮೊದಲು ತಮ್ಮನ ಮದುವೆ

"ಡಬಲ್ ಖುಷಿ! ನಂಗ್ಯಾಕೆ ಹೇಳ್ಲಿಲ್ಲ ನೀನು?"

ಸೋಮವಾರ ರಾತ್ರಿ ಹತ್ತೂವರೆಗೆ ಚಿಕ್ಕಮ್ಮನ ಮಗಳಿಂದ ಈ ಮೆಸೇಜ್ ಬಂದಾಗ ನನ್ನ ಗೆಳತಿ ತನ್ನ ಮದುವೆಯ ಅತಿಥಿಗಳ ಪಟ್ಟಿ ಮುಂದಿಟ್ಟುಕೊಂಡು ಕೂತಿದ್ದಳು. ನಾನೂ ಪಕ್ಕದಲ್ಲೇ ಇದ್ದೆ. ಮದುವೆಗೆ ಇನ್ನು 33 ದಿನ. ಡಬಲ್ ಅಂದ್ರೆ ಏನು ಅಂತ ಇಬ್ಬರಿಗೂ ಹೊಳೆಯಲಿಲ್ಲ. "ಏನು ಡಬಲ್ಲು?" ಅಂತ ಕೇಳಿದಳು. ಆ ಕಡೆ ಟೈಪ್ ಮಾಡುತ್ತಿರುವ ಗುರುತು ಬಂತು, ನಿಂತಿತು, ಮತ್ತೆ ಬಂತು, ಮತ್ತೆ ನಿಂತಿತು. ಕೊನೆಗೆ ಮೊದಲ ಮೆಸೇಜೇ ಡಿಲೀಟ್ ಆಯಿತು. ಅಷ್ಟರಲ್ಲಿ ಇವಳು ಅಮ್ಮನಿಗೆ ಫೋನ್ ಹಚ್ಚಿಯಾಗಿತ್ತು.

ಆ ಫೋನಿನಿಂದ ಶುರುವಾಗಿ ಮದುವೆಯ ಮಾರನೇ ದಿನದ ತನಕ ಆ ಮನೆಯಲ್ಲಿ ನಡೆದದ್ದನ್ನು ಇಲ್ಲಿ ಪೂರ್ತಿ ಬರೆದಿದ್ದೇನೆ. ಅಕ್ಕ (ಅಂದರೆ ನನ್ನ ಈ ಗೆಳತಿ), ಅವಳ ತಮ್ಮ ಇಬ್ಬರೂ ಓದಿ ಒಪ್ಪಿದ್ದಾರೆ. ಗುರುತು ಸಿಗುವಂಥ ವಿವರ ತೆಗೆದಿದ್ದೇನೆ, ಹೆಸರು ಯಾರದ್ದೂ ಇಲ್ಲ. ನಾನು ನ್ಯಾಯ ಹೇಳೋಕೆ ಕೂತವಳಲ್ಲ. ಮದುವೆಯ ದಿನ ಯಾರು ಎಲ್ಲಿ, ಎಷ್ಟು ಹೊತ್ತಿಗೆ ಅನ್ನೋ ಪಟ್ಟಿ ಮಾಡುವ ಕೆಲಸ ನನ್ನದಾಗಿತ್ತು, ಅದರಲ್ಲಿ ನಾನೂ ಒಂದು ತಪ್ಪು ಮಾಡಿದೆ. ಅದೂ ಬರುತ್ತದೆ.

ಯಾರ್ಯಾರು, ಎಲ್ಲೆಲ್ಲಿ

ಅಕ್ಕನಿಗೆ 34 ವರ್ಷ. ಮದುವೆಯ ದಿನ 8 ತಿಂಗಳು ಮೊದಲೇ ಗೊತ್ತಾಗಿತ್ತು, ಒಂದು ಶನಿವಾರ. ಹಾಲ್ ಬುಕ್ ಆಗಿತ್ತು, 180 ಜನರ ಪಟ್ಟಿ ಸಿದ್ಧವಿತ್ತು, ಖರ್ಚಿನಲ್ಲಿ ಮುಕ್ಕಾಲು ಭಾಗ ಅವಳದ್ದೂ ಅವಳ ಹುಡುಗನದ್ದೂ. ತಮ್ಮನಿಗೆ 29, ಬೇರೆ ದೇಶದಲ್ಲಿ ಕೆಲಸ. ಅವನೂ ಅವನ ಹುಡುಗಿಯೂ 4 ವರ್ಷದಿಂದ ಜೊತೆಗಿದ್ದವರು, ಅದು ಮನೆಯವರಿಗೆಲ್ಲ ಗೊತ್ತು. "ಅಕ್ಕಂದು ಮುಗೀಲಿ, ಮುಂದಿನ ವರ್ಷ ನಮ್ಮದು" ಅಂತ ಅವನೇ ಹೇಳುತ್ತಿದ್ದ.

ಆಮೇಲೆ ಅವನ ಕಂಪನಿ ಅವನನ್ನು ಮತ್ತೊಂದು ದೇಶಕ್ಕೆ ವರ್ಗ ಮಾಡಿತು. ಹೋಗುವ ದಿನ ಹಿಂದಕ್ಕೆ ಮುಂದಕ್ಕೆ ಆಗಿ, ಕೊನೆಗೆ ಯಾರೂ ಎಣಿಸದಷ್ಟು ಬೇಗ ಬಂದು ನಿಂತಿತು. ಹೆಂಡತಿ ಅಂತ ವೀಸಾಗೆ ಅರ್ಜಿ ಹಾಕಬೇಕಾದರೆ ಮದುವೆಯ ಪ್ರಮಾಣಪತ್ರ ಅರ್ಜಿಯ ಜೊತೆಗೇ ಇರಬೇಕು. ನೋಂದಣಿ ಕಚೇರಿಯಲ್ಲಿ ಸಿಕ್ಕಿದ್ದು ಅಕ್ಕನ ಮದುವೆಗೆ ಸರಿಯಾಗಿ 19 ದಿನ ಮೊದಲಿನ ಒಂದು ಸೋಮವಾರ. ಅದನ್ನು ಬಿಟ್ಟರೆ ಆಮೇಲೆ ಸಿಗುವ ದಿನಕ್ಕೆ ಅರ್ಜಿಯ ಗಡುವೇ ಮುಗಿದಿರುತ್ತಿತ್ತು. ಅಂದರೆ ದಿನದ ವಿಷಯದಲ್ಲಿ ಯಾರದ್ದೂ ತಪ್ಪಿಲ್ಲ. ಇದನ್ನು ನಾನು ಈಗ ಇಷ್ಟು ಸಲೀಸಾಗಿ ಬರೀತಿದ್ದೀನಿ, ಆವಾಗ ಆ ಮನೆಯಲ್ಲಿ ಈ ಮಾತು ಆಡೋಕೆ ಧೈರ್ಯ ಇರಲಿಲ್ಲ.

26 ಗಂಟೆ

ತಮ್ಮ ಅಮ್ಮನಿಗೆ ವಿಷಯ ಹೇಳಿದ್ದು ಭಾನುವಾರ ರಾತ್ರಿ ಎಂಟೂವರೆಗೆ. "ಅಕ್ಕನಿಗೆ ನಾನೇ ಹೇಳ್ತೀನಿ, ನಾಳೆ ರಾತ್ರಿ ವೀಡಿಯೋ ಕಾಲ್ ಮಾಡ್ತೀನಿ, ಅಲ್ಲೀವರೆಗೂ ಬಾಯಿ ಬಿಡಬೇಡಮ್ಮ" ಅಂದಿದ್ದ. ಆವತ್ತೇ ಯಾಕೆ ಹೇಳಲಿಲ್ಲ ಅಂತ ಆಮೇಲೆ ನಾನು ಕೇಳಿದೆ. ಭಯ ಆಯ್ತು ಅಂದ. ಹುಡುಗಿಯನ್ನು ಪಕ್ಕದಲ್ಲಿ ಕೂರಿಸಿಕೊಂಡು, ಏನು ಹೇಳಬೇಕು ಅಂತ ಸರಿಯಾಗಿ ಯೋಚಿಸಿ, ಚೆನ್ನಾಗಿ ಹೇಳಬೇಕು ಅಂತಿತ್ತಂತೆ.

ಅಮ್ಮ ರಾತ್ರಿಯೆಲ್ಲ ತಡೆದುಕೊಂಡರು. ಬೆಳಗ್ಗೆ ತಂಗಿಗೆ ಫೋನ್ ಮಾಡಿ, ಯಾರಿಗೂ ಹೇಳಬೇಡ ಅಂತ ಆಣೆ ಹಾಕಿಸಿ ಹೇಳಿದರು. ತಂಗಿ ಮಗಳಿಗೆ ಹೇಳಿದಳು. ಮಗಳಿಗೆ, ಸ್ವಂತ ಅಕ್ಕನಿಗೇ ಇನ್ನೂ ಗೊತ್ತಿಲ್ಲ ಅನ್ನೋದು ಕನಸಿನಲ್ಲೂ ಬರಲಿಲ್ಲ. ಅಲ್ಲಿಗೆ 26 ಗಂಟೆ. ತಮ್ಮನ ಫೋನ್ ಬಂದದ್ದು ಅದಾಗಿ ಅರ್ಧ ಗಂಟೆಗೆ, ಹನ್ನೊಂದಕ್ಕೆ. ಸ್ಕ್ರೀನಿನಲ್ಲಿ ಇಬ್ಬರೂ ನಗುತ್ತ ಕೂತಿದ್ದರು. ಅಕ್ಕ ಕೇಳಿಸಿಕೊಂಡಳು. "ಒಳ್ಳೇದಾಯ್ತು ಬಿಡು, ಕಂಗ್ರಾಟ್ಸ್" ಅಂದಳು. ಒಂದು ಪ್ರಶ್ನೆ ಕೇಳಲಿಲ್ಲ. 4 ನಿಮಿಷಕ್ಕೆ ಮಾತು ಮುಗಿಯಿತು.

2004ರಲ್ಲಿ ಶೆಲ್ಲಿ ಗೇಬಲ್ ಅನ್ನೋ ಮನೋವಿಜ್ಞಾನಿ ಮತ್ತು ಜೊತೆಗಾರರು ಒಂದು ಅಧ್ಯಯನ ಪ್ರಕಟಿಸಿದ್ದರು. ಒಬ್ಬರು ಒಳ್ಳೆ ಸುದ್ದಿ ಹೇಳಿದಾಗ ಇನ್ನೊಬ್ಬರು ಹೇಗೆ ತಗೋತಾರೆ ಅನ್ನೋದರ ಮೇಲೆ. ಅವರು ನೋಡಿದ್ದು ಜೋಡಿಗಳನ್ನು, ಒಡಹುಟ್ಟಿದವರನ್ನಲ್ಲ. ಖುಷಿಯಿಂದ ಕೇಳಿ, ಹೌದಾ, ಯಾವಾಗ, ಹೇಗೆ ಅಂತ ಮೇಲಿಂದ ಮೇಲೆ ವಿಚಾರಿಸುವವರ ಸಂಬಂಧ ಚೆನ್ನಾಗಿತ್ತು. ಬೈದವರು, ಕಡೆಗಣಿಸಿದವರು ಇನ್ನೊಂದು ಕಡೆ ಬಿದ್ದರು, ಅದರಲ್ಲಿ ಆಶ್ಚರ್ಯ ಇಲ್ಲ. ಆದರೆ ತಣ್ಣಗೆ "ಒಳ್ಳೇದಾಯ್ತು" ಅಂದು ಸುಮ್ಮನಾದವರೂ ಆ ಕಡೆಗೇ ಬಿದ್ದಿದ್ದರು. ತಮ್ಮ ನನಗೆ ಹೇಳಿದ್ದೂ ಅದೇ: "ಅವಳು ಕೂಗಾಡಿದ್ರೆ ಸಮಾಧಾನ ಆಗ್ತಿತ್ತು. ಬ್ಯಾಂಕಿನವರ ಥರ ಮಾತಾಡಿದಳು."

ಅಮ್ಮನ ಪ್ಲಾನು, ಅಕ್ಕನ ಪ್ಲಾನು

ಮಾರನೇ ದಿನದಿಂದ ಅಮ್ಮನ ಒಂದೇ ಮಾತು: "ಹೇಗೂ ಎಲ್ಲರೂ ಬಂದಿರ್ತಾರಲ್ವಾ?"

ಎಲ್ಲರೂ ಬಂದಿರ್ತಾರೆ, ಹಾಲ್ ಇರತ್ತೆ, ಫೋಟೋ ತೆಗೆಯುವವರು ಇರ್ತಾರೆ, ತಮ್ಮನೂ ಅವನ ಹೆಂಡತಿಯೂ ಆ ಹೊತ್ತಿಗೆ ಊರಲ್ಲೇ ಇರ್ತಾರೆ. ಇಬ್ಬರನ್ನೂ ವೇದಿಕೆ ಮೇಲೆ ಕರೆದು ಹತ್ತು ನಿಮಿಷ ನಿಲ್ಲಿಸಿದರೆ ಆಯ್ತಲ್ಲ, ಬೇರೆ ಸಮಾರಂಭ ಯಾಕೆ, ಬೇರೆ ಖರ್ಚು ಯಾಕೆ, ಅವರು ತಿರುಗಿ ಬರೋದು ಯಾವ ಕಾಲಕ್ಕೋ. ಲೆಕ್ಕಕ್ಕೆ ತೆಗೆದುಕೊಂಡರೆ ಇದರಲ್ಲಿ ತಪ್ಪು ಹುಡುಕೋದು ಕಷ್ಟ. ಅಪ್ಪ ಲೆಕ್ಕದ ಮನುಷ್ಯ, ಅವರು ತಲೆಯಾಡಿಸಿದರು. ಅದಕ್ಕಿಂತ ಜಾಸ್ತಿ ಈ ಇಡೀ ಪ್ರಕರಣದಲ್ಲಿ ಅವರು ಏನೂ ಹೇಳಲಿಲ್ಲ ಅಂತಲೇ ಇಟ್ಟುಕೊಳ್ಳಿ.

ಹತ್ತು ನಿಮಿಷ ಅನ್ನೋದು ಹತ್ತೇ ನಿಮಿಷ ಆಗಲ್ಲ ಅಂತ ಪಟ್ಟಿ ಮಾಡುವ ನನಗೆ ಗೊತ್ತಿತ್ತು. ಎರಡನೇ ಜೋಡಿ ವೇದಿಕೆ ಹತ್ತಿದ ಕೂಡಲೇ ಜನ ಎರಡು ಸಾಲಾಗ್ತಾರೆ. ಹಳೆಯ ನೆಂಟರಿಗೆಲ್ಲ ಹೊಸ ಸುದ್ದಿಯ ಮೇಲೇ ಕುತೂಹಲ. ಎಂಟು ತಿಂಗಳಿಂದ ಗೊತ್ತಿದ್ದ ಮದುವೆ ಯಾವುದು, ಮೊನ್ನೆ ಗೊತ್ತಾದ ಮದುವೆ ಯಾವುದು, ನೀವೇ ಹೇಳಿ. ಬರುವವರಿಗೆ ಯಾರಿಗೆ ಉಡುಗೊರೆ ಕೊಡಬೇಕು, ಒಂದಾ ಎರಡಾ ಅನ್ನೋ ಗಲಿಬಿಲಿ ಬೇರೆ.

ಅಕ್ಕನ ಪ್ಲಾನು ಇದಕ್ಕೆ ಪೂರ್ತಿ ಉಲ್ಟಾ. ಯಾರಿಗೂ ಹೇಳೋದೇ ಬೇಡ. ನನ್ನ ಮದುವೆ ಮುಗಿದ ವಾರಕ್ಕೆ ಹೇಳಿದರಾಯ್ತು. ಗೊತ್ತಿರುವ ನಾಲ್ಕು ಜನ ಬಾಯಿ ಮುಚ್ಚಿಕೊಂಡಿರಲಿ. ನಾನು ಇದಕ್ಕೆ ಹೂಂ ಅಂದಿದ್ದೆ, ಈಗ ನಾಚಿಕೆಯಾಗುತ್ತದೆ. ಯಾಕಂದ್ರೆ ಇದರ ಅರ್ಥ ಏನು? ಮದುವೆಯಾಗಿ 19 ದಿನ ಆದ ಹುಡುಗಿ ಗಂಡನ ಅಕ್ಕನ ಮದುವೆಗೆ ಬಂದು, ಅಲ್ಲಿ 180 ಜನರ ಮುಂದೆ "ಇವನ ಗೆಳತಿ" ಅಂತ ಓಡಾಡಬೇಕು. ತಮ್ಮ ಇದನ್ನು ಕೇಳಿ ಒಂದೇ ಸಾಲು ಬರೆದ: "ಹಾಗಾದ್ರೆ ನಾವು ಬರಲ್ಲ."

ಅಲ್ಲಿಂದ ಎರಡು ವಾರ ಅಕ್ಕ ತಮ್ಮ ಒಬ್ಬರಿಗೊಬ್ಬರು ಮಾತಾಡಲಿಲ್ಲ. ಮಾತೆಲ್ಲ ಅಮ್ಮನ ಮೂಲಕ. ಅಕ್ಕ ಅಮ್ಮನಿಗೆ ಹೇಳೋದು, ಅಮ್ಮ ಅದನ್ನು ಸ್ವಲ್ಪ ಮೆತ್ತಗೆ ಮಾಡಿ ತಮ್ಮನಿಗೆ ಹೇಳೋದು, ಅವನು ಸಿಟ್ಟಾದದ್ದನ್ನು ಸ್ವಲ್ಪ ಖಾರ ಸೇರಿಸಿ ಇವಳಿಗೆ ಹೇಳೋದು. ಮರ್ರೆ ಬೋವೆನ್ ಅನ್ನೋ ಅಮೆರಿಕದ ಮನೋವೈದ್ಯರು ಕುಟುಂಬಗಳ ಬಗ್ಗೆ ಹೇಳಿದ ತ್ರಿಕೋನದ ಮಾತು ಇದಕ್ಕೆ ಸರಿಯಾಗಿ ಹೊಂದುತ್ತದೆ. ಇಬ್ಬರ ನಡುವೆ ಬಿಗಿ ಜಾಸ್ತಿಯಾದಾಗ ಅವರು ಮೂರನೆಯವರನ್ನು ಎಳೆದುಕೊಳ್ಳುತ್ತಾರೆ. ಇಬ್ಬರಿಗೂ ಸ್ವಲ್ಪ ಹಗುರ ಆಗುತ್ತದೆ, ಆದರೆ ವಿಷಯ ಇದ್ದಲ್ಲೇ ಇರುತ್ತದೆ. ಹಗುರ ಆಗದೇ ಇದ್ದದ್ದು ಅಮ್ಮನಿಗೆ. ಅವರ ರಕ್ತದೊತ್ತಡದ ಮಾತ್ರೆ ಎರಡು ದಿನ ತಪ್ಪಿದ್ದು ಆಮೇಲೆ ಗೊತ್ತಾಯಿತು.

"ದೊಡ್ಡವಳಲ್ವಾ, ಅವಳಿಗೆ ಯಾವಾಗಲೂ ತಾನೇ ಮುಂದಿರಬೇಕು ಅಂತ ಹಠ" ಅಂತ ಅಮ್ಮ ನನ್ನ ಹತ್ತಿರ ಹೇಳಿದ್ದರು. ಇದು ಎಲ್ಲ ಮನೆಯಲ್ಲೂ ಕೇಳುವ ಮಾತು. ಮೊದಲ ಮಗುವಿಗೆ ಎರಡನೆಯದು ಹುಟ್ಟಿದಾಗ ಸಿಂಹಾಸನದಿಂದ ಇಳಿಸಿದ ಹಾಗಾಗುತ್ತದೆ ಅಂತ ಆಸ್ಟ್ರಿಯಾದ ಮನೋವೈದ್ಯ ಆಲ್ಫ್ರೆಡ್ ಆಡ್ಲರ್ ನೂರು ವರ್ಷದ ಹಿಂದೆಯೇ ಹೇಳಿದ್ದರು, ಅಂದಿನಿಂದ ದೊಡ್ಡವರ ಹಠ ಅನ್ನೋದು ಒಂದು ಶಾಸ್ತ್ರವೇ ಆಗಿಬಿಟ್ಟಿದೆ. ಆದರೆ 2015ರಲ್ಲಿ ಜರ್ಮನಿಯ ಸಂಶೋಧಕರು ಮೂರು ದೇಶಗಳ 20,000ಕ್ಕೂ ಹೆಚ್ಚು ಜನರ ಮಾಹಿತಿ ತೆಗೆದು ನೋಡಿದಾಗ, ಹುಟ್ಟಿದ ಕ್ರಮಕ್ಕೂ ಹೊಂದಿಕೊಂಡು ಹೋಗುವ ಗುಣಕ್ಕೂ ಸಂಬಂಧವೇ ಕಾಣಲಿಲ್ಲ. ನನಗೂ ಹಾಗೇ ಅನಿಸುತ್ತದೆ. ಇವಳು ಹಠಮಾರಿಯಾಗಿದ್ದರೆ ಎಂಟು ತಿಂಗಳಲ್ಲಿ ಹಾಲ್, ಬಣ್ಣ, ಹೊತ್ತು ಎಲ್ಲದರಲ್ಲೂ ಅವರಿವರು ಹೇಳಿದಂತೆ ಕೇಳುತ್ತಿರಲಿಲ್ಲ. ಅವಳಿಗೆ ಚುಚ್ಚಿದ್ದು ಆ 26 ಗಂಟೆ. ಒಂದು ರಾತ್ರಿ ಹೇಳಿದಳು, "ಅವನ ಮೊದಲ ಸಂಬಳದ ಸುದ್ದಿ ನಂಗೆ ಮೊದಲು. ಅವಳು ಇವನಿಗೆ ಹೂಂ ಅಂದ ಸುದ್ದಿನೂ ನಂಗೇ ಮೊದಲು, ಅಮ್ಮನಿಗಿಂತ ಮೊದಲು. ಇದು ಮಾತ್ರ ಚಿಕ್ಕಮ್ಮನ ಮಗಳಿಂದ ಕೇಳಬೇಕಾಯ್ತಲ್ಲ ಕಣೇ."

ನಿಂತುಹೋದ ಸ್ಕ್ರೀನು

ನೋಂದಣಿಯ ಸೋಮವಾರ ನಾನು ಬೇರೆ ಏನೋ ಕೆಲಸಕ್ಕೆ ಅವರ ಮನೆಗೆ ಹೋಗಿದ್ದೆ. ಮಧ್ಯಾಹ್ನ ಮೂರು ಗಂಟೆ. ಅಮ್ಮ ಎಲ್ಲಿಗೋ ಹೊರಟವರ ಹಾಗೆ ಹೊಸ ಬಟ್ಟೆ ಉಟ್ಟು, ತಲೆ ಬಾಚಿಕೊಂಡು, ಊಟದ ಮೇಜಿನ ಮುಂದೆ ಕೂತಿದ್ದರು. ಫೋನನ್ನು ನೀರಿನ ಜಗ್ಗಿಗೆ ಒರಗಿಸಿ ನಿಲ್ಲಿಸಿದ್ದರು. ಅಪ್ಪ ಹಿಂದೆ ನಿಂತಿದ್ದರು, ಕೂತರೆ ಕಾಣಲ್ಲ ಅಂತ. ಆ ಕಡೆ ಯಾರೋ ಫೋನ್ ಹಿಡಿದುಕೊಂಡಿದ್ದರು, ಚಿತ್ರ ಅಲ್ಲಾಡುತ್ತಿತ್ತು. ತಮ್ಮ ಪೆನ್ ತಗೊಂಡ, ಬಗ್ಗಿದ, ಅಷ್ಟೇ. ಸ್ಕ್ರೀನ್ ಅಲ್ಲೇ ನಿಂತಿತು. ಅವನ ನೆತ್ತಿ, ಅರ್ಧ ಕೈ, ಒಂದು ಮೇಜಿನ ಅಂಚು.

ಅಮ್ಮ ಅದನ್ನೇ ನೋಡುತ್ತ ಕೂತರು. ಮತ್ತೆ ಲೈನ್ ಸಿಕ್ಕಿದಾಗ ಸಹಿ ಎಲ್ಲ ಮುಗಿದು ಎಲ್ಲರೂ ಮೆಟ್ಟಿಲ ಮೇಲೆ ನಿಂತು ಫೋಟೋ ತೆಗೆಸಿಕೊಳ್ಳುತ್ತಿದ್ದರು. "ಎಲ್ಲಾ ಕಾಣಿಸ್ತಾ ಅಮ್ಮ?" ಅಂತ ಅವನು ಕೇಳಿದ. "ಹೂಂ ಕಣಪ್ಪ, ಎಲ್ಲಾ ಕಾಣಿಸ್ತು" ಅಂದರು.

ಅಕ್ಕ ಆ ವೀಡಿಯೋ ಕಾಲ್‌ನಲ್ಲಿ ಇರಲಿಲ್ಲ. ಮೀಟಿಂಗ್ ಇದೆ ಅಂತ ಹೇಳಿದ್ದಳು. ಮೀಟಿಂಗ್ ಇರಲಿಲ್ಲ.

ಅಮ್ಮನ "ಹೇಗೂ ಎಲ್ಲರೂ ಬಂದಿರ್ತಾರಲ್ವಾ" ಅನ್ನೋ ಮಾತಿನ ಒಳಗೆ ಏನಿತ್ತು ಅಂತ ನನಗೆ ಆವತ್ತು ಗೊತ್ತಾಯಿತು. ನಾವೆಲ್ಲ ಅದನ್ನು ಖರ್ಚಿನ ಮಾತು ಅಂದುಕೊಂಡಿದ್ದೆವು. ಮಗನ ಮದುವೆಯಲ್ಲಿ ತಾನಿಲ್ಲ. ಅದಕ್ಕೆ ಯಾವುದಾದರೂ ಒಂದು ಮದುವೆಯ ಹಾಲಿನಲ್ಲಿ, ಬೆಳಕಿನಲ್ಲಿ, ಜನರ ಮುಂದೆ ಅವನನ್ನೂ ಅವನ ಹೆಂಡತಿಯನ್ನೂ ಒಂದು ಸಲ ಕಣ್ಣಾರೆ ನೋಡಬೇಕು. ಹತ್ತಿರದಲ್ಲಿ ಸಿಕ್ಕ ಹಾಲ್ ಮಗಳದ್ದಾಗಿತ್ತು, ಅಷ್ಟೇ.

ಆವತ್ತು ರಾತ್ರಿ ನಾನು ಅಕ್ಕನಿಗೆ ಜಗ್ಗಿನ ಕಥೆ ಹೇಳಿದೆ. ಉಪದೇಶ ಏನೂ ಸೇರಿಸಲಿಲ್ಲ. ಅವಳು "ಎಲ್ಲಾ ಕಾಣಿಸ್ತು ಅಂತ ಹೇಳಿದ್ಳಾ?" ಅಂತ ಎರಡು ಸಲ ಕೇಳಿದಳು.

ಗುರುವಾರದ ಫೋನು

ಗುರುವಾರ ಅವಳೇ ತಮ್ಮನಿಗೆ ಫೋನ್ ಮಾಡಿದಳು. ಅಮ್ಮನಿಗೆ ಹೇಳದೆ. 47 ನಿಮಿಷ. ಮೊದಲ ಹತ್ತು ನಿಮಿಷ ಜಗಳವೇ. "ನಿನಗೆ ಒಂದು ಮೆಸೇಜ್ ಹಾಕೋಕಾಗ್ಲಿಲ್ವೇನೋ" ಅಂತ ಇವಳು, "ನೀನು ಒಂದು ಪ್ರಶ್ನೆ ಕೇಳಿದ್ಯಾ ನನ್ನ" ಅಂತ ಅವನು. ಅವಳು ಅತ್ತಳು, ಅವನೂ ಅತ್ತನಂತೆ, ಅವನು ಒಪ್ಪಲ್ಲ. ಆಮೇಲೆ ಅವಳು ಕೇಳಿದ ಒಂದು ಪ್ರಶ್ನೆ ಇಡೀ ವಿಷಯದ ದಿಕ್ಕು ಬದಲಿಸಿತು. ನಿನಗೆ ಏನು ಬೇಕು ಅಂತ ಕೇಳಲಿಲ್ಲ. "ಏನಾದ್ರೆ ನಿನಗೆ ಸಾಕು?" ಅಂದಳು.

ಅವನಿಗೆ ವೇದಿಕೆಯೇ ಬೇಕಾಗಿರಲಿಲ್ಲ! ವೇದಿಕೆ ಅಮ್ಮನ ಆಸೆ. ಅವನು ಕೇಳಿದ್ದು ಎರಡು. ಬಂದ ದಿನದಿಂದ ತನ್ನ ಹೆಂಡತಿಯನ್ನು ಎಲ್ಲರೂ ಹೆಂಡತಿ ಅಂತಲೇ ಕರೆಯಬೇಕು, ಕುಟುಂಬದ ಫೋಟೋದಲ್ಲಿ ಅವಳಿರಬೇಕು. ಮತ್ತೆ ಒಂದೆರಡು ಗಂಟೆ, ಎಲ್ಲಾದರೂ ಸರಿ, ಅವರಿಬ್ಬರಿಗಾಗಿ ಜನ ಸೇರಬೇಕು, ಬೇರೆಯವರ ಸಮಾರಂಭದ ಬಾಲವಾಗಿ ಬೇಡ. ಅಕ್ಕ ಕೇಳಿದ್ದೂ ಜಾಸ್ತಿ ಏನಲ್ಲ. ಶನಿವಾರ ಮೈಕಿನಲ್ಲಿ ಒಂದೇ ಮದುವೆಯ ಮಾತು. ತಾನು ಬಾಗಿಲಿನಿಂದ ಒಳಗೆ ಬರುವಾಗ ತಮ್ಮ ಪಕ್ಕದಲ್ಲಿರಬೇಕು, ಬೇರೆ ಎಲ್ಲೂ ನೆಂಟರ ಮಧ್ಯ ಸಿಕ್ಕಿಹಾಕಿಕೊಂಡಿರಬಾರದು. ಮತ್ತೆ ಅಪ್ಪ ಅಮ್ಮ ತಾವಿಬ್ಬರು, ನಾಲ್ಕೇ ಜನ ಇರುವ ಒಂದು ಫೋಟೋ.

ಎರಡು ವಾರ ಅಮ್ಮನ ಮೂಲಕ ಓಡಾಡಿದ ಮಾತುಗಳಲ್ಲಿ ಇವುಗಳಲ್ಲಿ ಒಂದೂ ಇರಲಿಲ್ಲ ಅನ್ನೋದು ನನಗೆ ಇವತ್ತಿಗೂ ಆಶ್ಚರ್ಯ.

ಯಾವ ದಿನ ಅನ್ನೋದಕ್ಕೆ ಸ್ವಲ್ಪ ತಲೆ ಕೆಡಿಸಿಕೊಂಡೆವು. ಮದುವೆಗೆ ಮೊದಲು ಮಾಡಿದರೆ ಅಕ್ಕನಿಗೆ ಇದ್ದಬದ್ದ ಒಂದು ದಿನದ ವಿಶ್ರಾಂತಿಯೂ ಹೋಗುತ್ತದೆ. ಜೊತೆಗೆ ನೆಂಟರಲ್ಲಿ ಹೆಚ್ಚಿನವರು ಇನ್ನೂ ಬಂದಿರಲ್ಲ. ತುಂಬ ಆಮೇಲೆ ಮಾಡೋಣ ಅಂದರೆ ತಮ್ಮನ ವಿಮಾನ ಮಂಗಳವಾರ. ಉಳಿದದ್ದು ಭಾನುವಾರ, ಮದುವೆಯ ಮಾರನೇ ದಿನ. ದೂರದಿಂದ ಬಂದವರು ಭಾನುವಾರ ಸಂಜೆ ಹೊರಡುವವರು, ಹೇಗೂ ಇರ್ತಾರೆ. (ಅಮ್ಮನ ಮಾತು ಕೊನೆಗೆ ಇಲ್ಲಿ ಕೆಲಸಕ್ಕೆ ಬಂತು.) ಅಪ್ಪ ಅಮ್ಮನ ಮನೆಯಲ್ಲೇ, ಹನ್ನೊಂದಕ್ಕೆ, ಹತ್ತಿರದ 31 ಜನ. ಅಕ್ಕ ಅದರಲ್ಲಿ ಅತಿಥಿ. ಒಂದು ಗಂಟೆ ಬಂದು ಹೋಗ್ತಾಳೆ, ಒಂದು ಕುರ್ಚಿ ಎತ್ತಿಡೋ ಕೆಲಸವೂ ಅವಳದಲ್ಲ ಅಂತ ನಾನು ಪಟ್ಟಿಯಲ್ಲೇ ಬರೆದೆ.

ಈ ಒಂದು ಗಂಟೆಯ ಮಿತಿ ಸುಮ್ನೆ ಹಾಕಿದ್ದಲ್ಲ. 1967ರಲ್ಲಿ ಹೋಮ್ಸ್ ಮತ್ತು ರಾಹೆ ಅನ್ನೋ ಇಬ್ಬರು ಮನೋವೈದ್ಯರು 43 ಜೀವನದ ಘಟನೆಗಳ ಪಟ್ಟಿ ಮಾಡಿ, ಹೊಂದಿಕೊಳ್ಳೋಕೆ ಎಷ್ಟು ಕಷ್ಟ ಅಂತ ಅಂಕ ಕೊಟ್ಟಿದ್ದರು. ಅಳತೆಗೋಲಾಗಿ ಇಟ್ಟುಕೊಂಡದ್ದೇ ಮದುವೆಯನ್ನು, ಅದಕ್ಕೆ 50 ಅಂಕ. ಮನೆಗೆ ಹೊಸಬರು ಸೇರುವುದಕ್ಕೆ 39, ಮಕ್ಕಳು ಮನೆ ಬಿಡುವುದಕ್ಕೆ 29, ಮನೆ ಬದಲಿಸುವುದಕ್ಕೆ 20. ಒಳ್ಳೇದೋ ಕೆಟ್ಟದ್ದೋ ಅಂತ ಆ ಪಟ್ಟಿ ನೋಡಲ್ಲ, ಎಷ್ಟು ಬದಲಾವಣೆ ಅಂತ ಮಾತ್ರ ನೋಡುತ್ತದೆ. ಅಕ್ಕನಿಗೆ ಒಂದೇ ತಿಂಗಳಲ್ಲಿ ಇದರಲ್ಲಿ ಮೂರು. ಹಳೆಯ ಪಟ್ಟಿ, ಅಂಕಗಳನ್ನು ಅಕ್ಷರಶಃ ನಂಬಬೇಕಿಲ್ಲ. ಆದರೆ ಮದುವೆಯ ಮಾರನೇ ದಿನ ಖುಷಿಯಾಗಿರುವವರೂ ಸುಸ್ತಾಗಿ ಬಿದ್ದಿರುತ್ತಾರೆ ಅನ್ನೋದನ್ನು ಯಾವ ಮನೆಯಲ್ಲಾದರೂ ನೋಡಬಹುದು.

ಎರಡು ಮೆಸೇಜು

ಸುದ್ದಿ ಹೇಗೆ ಹೋಗಬೇಕು ಅನ್ನೋದರಲ್ಲಿ ಈ ಸಲ ಎಲ್ಲರೂ ಎಚ್ಚರ ವಹಿಸಿದರು. ಮದುವೆಗೆ 14 ದಿನ ಮೊದಲು, ಶನಿವಾರ ಬೆಳಗ್ಗೆ, ಅಪ್ಪ ಅಮ್ಮನ ಹೆಸರಿನಲ್ಲಿ ಎಲ್ಲರಿಗೂ ಒಂದೇ ಹೊತ್ತಿಗೆ ಹೋಯಿತು. ಅಕ್ಕ ಬರೆದು ಕೊಟ್ಟದ್ದು:

"ಮಗನ ಮದುವೆ ನೋಂದಣಿ ಕಚೇರಿಯಲ್ಲಿ ಸರಳವಾಗಿ ಆಗಿದೆ. ಕೆಲಸದ ನಿಮಿತ್ತ ಬೇಗ ಮಾಡಬೇಕಾಯಿತು, ಯಾರನ್ನೂ ಕರೆಯಲಾಗಲಿಲ್ಲ, ನಾವೂ ಫೋನಿನಲ್ಲೇ ನೋಡಿದೆವು. ಮಗ ಸೊಸೆ ಇಬ್ಬರೂ ಮಗಳ ಮದುವೆಗೆ ಬರುತ್ತಾರೆ, ಅಲ್ಲಿ ಭೇಟಿಯಾಗಿ."

ಭಾನುವಾರದ ಕರೆ ಬೇರೆ ಮೆಸೇಜು, ಆ 31 ಜನರಿಗೆ ಮಾತ್ರ. ಉಡುಗೊರೆ ಬೇಡ ಅಂತ ಅದರಲ್ಲೇ ಇತ್ತು. ಎರಡನ್ನೂ ಒಂದರಲ್ಲಿ ಹಾಕಿದ್ದರೆ ಕರೆಯದೇ ಉಳಿದವರ ಪಟ್ಟಿ ಅಲ್ಲೇ ಸಿದ್ಧವಾಗುತ್ತಿತ್ತು. "ನಾವೂ ಫೋನಿನಲ್ಲೇ ನೋಡಿದೆವು" ಅನ್ನೋ ಸಾಲು ಅಮ್ಮನಿಗೆ ಮೊದಲು ಇಷ್ಟವಾಗಲಿಲ್ಲ, ಮರ್ಯಾದೆಗೆ ಕಡಿಮೆ ಅನಿಸಿತು. ಆದರೆ ಅದೊಂದೇ ಸಾಲು ನಮಗ್ಯಾಕೆ ಕರೀಲಿಲ್ಲ ಅನ್ನೋ ಎಷ್ಟೋ ಫೋನುಗಳನ್ನು ನಿಲ್ಲಿಸಿತು. ತಂದೆ ತಾಯಿಯೇ ಹೋಗಿಲ್ಲ ಅಂದ ಮೇಲೆ ದೂರದ ನೆಂಟರು ಏನಂತ ಮುನಿಸಿಕೊಳ್ಳೋದು.

ನನ್ನ ತಪ್ಪು

ತಮ್ಮ ಮತ್ತು ಅವನ ಹೆಂಡತಿ ಮದುವೆಗೆ 6 ದಿನ ಮೊದಲು ಬಂದರು. ಬುಧವಾರ ಸಂಜೆ ನಾನು ಶನಿವಾರದ ಪಟ್ಟಿಯನ್ನು ಪ್ರಿಂಟ್ ತೆಗೆದು ಮೇಜಿನ ಮೇಲೆ ಹರಡಿದ್ದೆ. ಯಾವ ಕಾರಿನಲ್ಲಿ ಯಾರು, ಯಾವ ಫೋಟೋದಲ್ಲಿ ಯಾರು, ಎಲ್ಲ. ಆ ಹುಡುಗಿ ನೀರು ಕುಡಿಯೋಕೆ ಬಂದವಳು ನಿಂತು ಓದಿದಳು. ಬೆರಳಿನಿಂದ ಸಾಲು ಹಿಡಿದು ಓದುವ ಅಭ್ಯಾಸ ಅವಳಿಗೆ. ಬೆರಳು ಒಂದು ಕಡೆ ನಿಂತಿತು.

ಅಲ್ಲಿ "ತಮ್ಮ +1" ಅಂತಿತ್ತು, ಅಂದರೆ ತಮ್ಮ ಮತ್ತು ಅವನ ಜೊತೆಗೆ ಬರುವ ಇನ್ನೊಬ್ಬರು. ಎಂಟು ತಿಂಗಳ ಹಿಂದೆ ನಾನೇ ಹಾಕಿದ್ದು, ಬದಲಾಯಿಸಲೇ ಇಲ್ಲ. ಕಾರಿನ ಸಾಲಿನಲ್ಲೂ +1, ಕುರ್ಚಿಯ ಸಾಲಿನಲ್ಲೂ +1, ಫೋಟೋದ ಸಾಲಿನಲ್ಲೂ +1.

"ಅಕ್ಕ, ಪೆನ್ ಇದೆಯಾ?" ಅಂತ ಕೇಳಿದಳು. ಕೊಟ್ಟೆ. ಮೂರೂ ಕಡೆ ಹೊಡೆದುಹಾಕಿ ತನ್ನ ಹೆಸರು ಬರೆದಳು, ಸಣ್ಣ ಅಕ್ಷರದಲ್ಲಿ, ಅಚ್ಚುಕಟ್ಟಾಗಿ. ಪೆನ್ ವಾಪಸ್ ಕೊಟ್ಟು ನೀರು ಕುಡಿದು ಹೋದಳು. ನನಗೆ ಕ್ಷಮೆ ಕೇಳೋಕೂ ಬಾಯಿ ಬರಲಿಲ್ಲ.

ಇದನ್ನು ನಾನು ಇಷ್ಟು ಉದ್ದ ಬರೆಯೋಕೆ ಕಾರಣ ಇದೆ. ಒಂದು ತಿಂಗಳು ನಾವೆಲ್ಲ ಅಕ್ಕನಿಗೆ ಬೇಜಾರಾಗುತ್ತಾ, ತಮ್ಮನಿಗೆ ಬೇಜಾರಾಗುತ್ತಾ, ಅಮ್ಮನಿಗೆ ಆಗುತ್ತಾ ಅಂತ ಒದ್ದಾಡಿದೆವು. ಈ ಹುಡುಗಿಗೆ ಏನಾದರೆ ಸಾಕು ಅಂತ ಒಬ್ಬರೂ ಕೇಳಿರಲಿಲ್ಲ. ಅವಳ ತಂದೆ ತಾಯಿಯೂ ಆ ನೋಂದಣಿಯನ್ನು ಫೋನಿನಲ್ಲೇ ನೋಡಿದ್ದು. ಅವರ ಸ್ಕ್ರೀನ್ ನಿಂತಿತ್ತೋ ಇಲ್ಲವೋ ನಾವು ವಿಚಾರಿಸಲೂ ಇಲ್ಲ. ರಾತ್ರಿಯೇ ಅಕ್ಕನಿಗೆ ಹೇಳಿದೆ. ಅವಳು ಆ ಹುಡುಗಿಯ ತಂದೆ ತಾಯಿಗೆ ಫೋನ್ ಮಾಡಿ ಭಾನುವಾರಕ್ಕೆ ಕರೆದಳು. 31 ಜನ 33 ಆದರು. ತಂದೆಯ ಮನಸ್ಸಿನಲ್ಲಿ ಬೇಸರ ಇನ್ನೂ ಇತ್ತು, ಬರುವುದಕ್ಕೆ ಒಪ್ಪಿದರು ಅಷ್ಟೇ.

ಶನಿವಾರ

ಮದುವೆ ಚೆನ್ನಾಗಿಯೇ ಆಯಿತು, ಅದರ ಬಗ್ಗೆ ಇಲ್ಲಿ ಹೇಳೋಕೆ ಹೆಚ್ಚೇನಿಲ್ಲ. ಒಂದು ಎಡವಟ್ಟು ಬಿಟ್ಟು. ಮಾವನೊಬ್ಬರು, ಒಳ್ಳೆಯ ಮನುಷ್ಯ, ಮೈಕ್ ಕಂಡರೆ ಬಿಡುವವರಲ್ಲ, ಸಂಜೆ ಮಾತಾಡುತ್ತ ಮಾತಾಡುತ್ತ "ಇವತ್ತು ನಮ್ಮ ಮನೇಲಿ ಒಂದಲ್ಲ ಎರಡು ಜೋಡಿ! ಎಲ್ಲಪ್ಪ ಇನ್ನೊಬ್ಬರು, ಬನ್ನಿ ಮೇಲೆ!" ಅಂದುಬಿಟ್ಟರು. ಚಪ್ಪಾಳೆ ಶುರುವಾಯಿತು. ನಾನು ಹಾಲಿನ ಆ ತುದಿಯಲ್ಲಿದ್ದೆ, ಓಡಿದರೂ ತಲುಪುತ್ತಿರಲಿಲ್ಲ. ಅಕ್ಕನ ಮುಖ ನೋಡಿದೆ. ನಗು ಹಾಗೇ ಇತ್ತು, ಕಣ್ಣು ಮಾತ್ರ ಅಮ್ಮನ ಕಡೆ ಹೋಯಿತು. ಅಮ್ಮ ಗಾಬರಿಯಿಂದ ಎರಡೂ ಕೈ ಆಡಿಸಿ ನಾನಲ್ಲ, ನಾನು ಹೇಳಿಲ್ಲ ಅಂತಿದ್ದರು.

ತಮ್ಮ ಕೂತಲ್ಲೇ ಎದ್ದು ನಿಂತ. ಮೈಕಿಲ್ಲದೆ, ಜೋರಾಗಿ, "ನಮ್ಮದು ಆಗಲೇ ಮುಗಿದಿದೆ ಮಾವ, ಕೆಳಗೇ ಸಿಗ್ತೀವಿ. ಇವತ್ತು ಅಕ್ಕಂದು, ನೀವು ಮುಂದುವರಿಸಿ" ಅಂದು ಕೂತ. ಜನ ನಕ್ಕರು. ಮಾವನೂ ನಕ್ಕರು, ಮೈಕ್ ಮಾತ್ರ ಇನ್ನೂ ಹತ್ತು ನಿಮಿಷ ಬಿಡಲಿಲ್ಲ.

ನಾಲ್ಕು ಜನರ ಫೋಟೋ ಆಯಿತು. ಅದನ್ನು ಮೊದಲು ತೆಗೆಸಿ, ಆಮೇಲೆ ಒಬ್ಬೊಬ್ಬರನ್ನೇ ಸೇರಿಸುತ್ತ ಹೋಗಿ ಅಂತ ಫೋಟೋ ತೆಗೆಯುವವರಿಗೆ ಮೊದಲೇ ಹೇಳಿದ್ದೆ. ಎಲ್ಲರನ್ನೂ ನಿಲ್ಲಿಸಿ ಆಮೇಲೆ "ನೀವಿಬ್ಬರು ಸ್ವಲ್ಪ ಪಕ್ಕಕ್ಕೆ" ಅಂದರೆ ಹೊರಗೆ ಹೋಗುವವರಿಗೆ ಹೇಗನಿಸುತ್ತದೆ ಯೋಚಿಸಿ. ಪ್ಲಸ್ ಒನ್ ಪ್ರಸಂಗ ಆಗದಿದ್ದರೆ ಇದು ನನಗೆ ಹೊಳೆಯುತ್ತಲೂ ಇರಲಿಲ್ಲ.

ಭಾನುವಾರ

ಹನ್ನೊಂದಕ್ಕೆ ಜನ ಬರತೊಡಗಿದರು. ಅಮ್ಮ ನೋಂದಣಿಯ ದಿನ ಉಟ್ಟಿದ್ದ ಬಟ್ಟೆಯನ್ನೇ ಉಟ್ಟಿದ್ದರು, ಯಾರೂ ಗಮನಿಸಲಿಲ್ಲ ಅಂದುಕೊಂಡಿದ್ದರು. ಹುಡುಗಿಯ ತಂದೆ ಮೊದಲರ್ಧ ಗಂಟೆ ಬಾಗಿಲ ಬಳಿಯ ಕುರ್ಚಿ ಬಿಟ್ಟು ಏಳಲಿಲ್ಲ. ಅಪ್ಪ ಹೋಗಿ ಅವರ ಪಕ್ಕ ಕೂತರು. ಇಬ್ಬರೂ ಮಾತಾಡಿದ್ದು ನಾನು ನೋಡಲಿಲ್ಲ, ಆದರೆ ಇಬ್ಬರೂ ಅಲ್ಲೇ ಇದ್ದರು.

ಅಕ್ಕ ಹನ್ನೆರಡಕ್ಕೆ ಬಂದಳು, ಕಣ್ಣು ಊದಿಕೊಂಡಿತ್ತು, ನಿದ್ದೆ ಸಾಲದೆ. ತಮ್ಮ ಪ್ರಮಾಣಪತ್ರದ ಪ್ರತಿ ತಂದಿದ್ದ, ಅದು ಕೈಯಿಂದ ಕೈಗೆ ಹೋಗುತ್ತಿತ್ತು. ಅವಳ ಕೈಗೆ ಬಂದಾಗ ಅವಳು ಹೆಸರು ಓದಿದಳು, ತಾರೀಖು ಓದಿದಳು, ಕೆಳಗೆ ಸಾಕ್ಷಿಗಳ ಜಾಗಕ್ಕೆ ಬಂದು ನಿಂತಳು. ಎರಡು ಹೆಸರು. ಎರಡೂ ಅವಳು ಕೇಳಿದ್ದೇ ಅಲ್ಲ.

"ಯಾರೋ ಇವರು?"

"ಒಬ್ಬ ನಮ್ಮ ಆಫೀಸಿನವನು. ಇನ್ನೊಬ್ಬ ಕೆಳಗಿನ ಮನೆಯವನು."

"ಎಂಥವರು? ಏನಂದ್ರು ಅವತ್ತು? ಸರಿಯಾಗಿ ಹೇಳು."

ತಮ್ಮ ಶುರು ಮಾಡಿದ. ಆಫೀಸಿನವನು ಊಟದ ಬಿಡುವಿನಲ್ಲಿ ಓಡಿ ಬಂದದ್ದು, ಕೊರಳಲ್ಲಿ ಗುರುತಿನ ಚೀಟಿ ಹಾಗೇ ನೇತಾಡುತ್ತಿದ್ದದ್ದು, ಎಲ್ಲ ಫೋಟೋದಲ್ಲೂ ಅದೇ ಬಂದಿದೆ ಅಂತ. ಹುಡುಗಿ ನಡುವೆ ಬಾಯಿ ಹಾಕಿದಳು, "ಅತ್ತಿಗೆ, ಇವನು ಬಿಟ್ಟಿದ್ದು ಕೇಳಿ, ಕೆಳಗಿನ ಮನೆಯವನು ಸಹಿ ತಪ್ಪು ಜಾಗದಲ್ಲಿ ಹಾಕಿ, ಕಚೇರಿಯವರು ಇನ್ನೊಂದು ಹಾಳೆ ತರಬೇಕಾಯ್ತು." ಅಮ್ಮ ಕುರ್ಚಿ ಹತ್ತಿರ ಎಳೆದುಕೊಂಡರು. ಅದಾ ಸ್ಕ್ರೀನ್ ನಿಂತಾಗ ಆಗಿದ್ದು ಅಂತ ಕೇಳಿದರು. ಹೂಂ, ಆವಾಗಲೇ, ಅಂತ ಅವನು ಹೇಳುತ್ತ ಹೇಳುತ್ತ ತಿರುಗಿ ನೋಡಿದ. "ಎಲ್ಲಾ ಕಾಣಿಸ್ತು ಅಂದ್ಯಲ್ಲಮ್ಮ?"

"ನೀನು ಮುಂದೆ ಹೇಳೋ" ಅಂದಳು ಅಕ್ಕ.

ಅವಳನ್ನು ಒಂದು ಗಂಟೆಗೆ ಕರೆದುಕೊಂಡು ಹೋಗಬೇಕು ಅಂತ ನನ್ನ ಪಟ್ಟಿಯಲ್ಲಿತ್ತು. ಒಂದು ಗಂಟೆಗೆ ಒಮ್ಮೆ, ಒಂದೂವರೆಗೆ ಒಮ್ಮೆ ನಾನು ಗಡಿಯಾರ ತೋರಿಸಿದೆ. ಅವಳು ಮನೆ ಬಿಟ್ಟಾಗ ನಾಲ್ಕೂಕಾಲು.